ಜರ್ಮನಿಯಲ್ಲಿ ಸಿಕ್ಕ ಮದ್ದೂರಿನ ಗೌರಮ್ಮ

ಮದ್ದೂರಿನ ಡೇರೆ

ಜರ್ಮನಿಗೆ ಹಡಗು ಹತ್ತುವ ಮೊದಲೇ ನಾನು ಐದು ಸಲ ಅಲ್ಲಿಗೆ ಹೋಗಿ ಬಂದಿದ್ದೆ. ಐದು ಸಲವೂ ಮದ್ದೂರಿನಿಂದಲೇ, ಮರಳಿನ ಮೇಲೆ ಚಕ್ಕಳಮಕ್ಕಳ ಹಾಕಿ ಕೂತು, ಕಡಲೆಕಾಯಿ ಸುಲಿಯುತ್ತ.

ಶಿಂಷಾ ಹೊಳೆಯ ದಂಡೆಯಲ್ಲಿ ಆಗ ಒಂದು ಸಿನಿಮಾ ಡೇರೆ ಇತ್ತು. ಬೆಂಗಳೂರಿನಲ್ಲಿ ಚಿತ್ರಗಳು ಮಾತು ಕಲಿತು ಎಷ್ಟೋ ಕಾಲವಾಗಿದ್ದರೂ ನಮ್ಮ ಡೇರೆಯಲ್ಲಿ ಇನ್ನೂ ಮೂಕಿ ಚಿತ್ರಗಳೇ. ಅವುಗಳ ಪರವಾಗಿ ಮಾತಾಡಲು ಚನ್ನಪ್ಪ ಇದ್ದ. ಪರದೆಯ ಪಕ್ಕದಲ್ಲಿ ಬೆತ್ತ ಹಿಡಿದು ನಿಂತು, ಬಂದವರು ಹೋದವರನ್ನು ತೋರಿಸುತ್ತ ಕಥೆ ಹೇಳುವುದು ಅವನ ಕೆಲಸ. ನಡುನಡುವೆ ಬರುವ ಜರ್ಮನ್ ಅಕ್ಷರಗಳನ್ನು ಗಡಗಡನೆ ಓದಿ ಅರ್ಥ ಹೇಳಿಬಿಡುತ್ತಿದ್ದ. ಅವನಿಗೆ ಕನ್ನಡ ಅಕ್ಷರವೇ ಪೂರಾ ಬರುತ್ತಿರಲಿಲ್ಲ ಎಂಬುದು ನನಗೆ ಆಮೇಲೆ ತಿಳಿಯಿತು.

ಆ ಚಿತ್ರಕ್ಕೆ ಜರ್ಮನ್ ಹೆಸರು ಏನಿತ್ತೋ, ಡೇರೆಯ ಬೋರ್ಡಿನ ಮೇಲೆ ‘ಬದುಕಿ ಬಂದ ಗೌರಮ್ಮ’ ಎಂದಿತ್ತು. ಕಥೆ ಇಷ್ಟೆ. ಗಂಡ ಕೆಂಪಣ್ಣನನ್ನು ಮಾಡದ ತಪ್ಪಿಗೆ ಹಿಡಿದು ಕಲ್ಲುಗಣಿಯ ಜೈಲಿಗೆ ಹಾಕಿರುತ್ತಾರೆ. ಹೆಂಡತಿ ಗೌರಮ್ಮ ರೊಟ್ಟಿಯೊಳಗೆ ಕಬ್ಬಿಣ ತಿಕ್ಕುವ ಅರವನ್ನು ಬಚ್ಚಿಟ್ಟು ಅವನಿಗೆ ಕೊಡುತ್ತಾಳೆ. ಪರದೆಯ ಮೇಲಿದ್ದದ್ದು ರೊಟ್ಟಿ. ಚನ್ನಪ್ಪನ ಬಾಯಲ್ಲಿ ಅದು ಮುದ್ದೆ.

“ಮುದ್ದೆ ಒಳ್ಗೆ ಅರ ಮಡಗವ್ಳೆ ಕಣ್ರಪ್ಪೋ! ಕೆಂಪಣ್ಣ ಉಸಾರಾಗಿ ಉಣ್ಬೇಕು, ಅಲ್ಲು ಗಿಲ್ಲು ಮುರ್ಕೊಂಡಾನು!”

ಆಮೇಲೆ ಒಂದು ಭಯಂಕರ ಕನಸು. ಗಂಡ ಹೆಂಡತಿ ಹಿಮದಲ್ಲಿ ಓಡುತ್ತಾರೆ, ಗಡಿಗೆ ನಾಲ್ಕು ಹೆಜ್ಜೆ ಇರುವಾಗ ಗೌರಮ್ಮ ಬಿದ್ದು ಸಾಯುತ್ತಾಳೆ. ವೈದ್ಯನಾಥಪುರದಿಂದ ಗಾಡಿ ಕಟ್ಟಿಕೊಂಡು ಬಂದ ಹೆಂಗಸರು ಇಲ್ಲಿ ಗೊಳೋ ಎಂದು ಅಳುತ್ತಿದ್ದರು. ಚನ್ನಪ್ಪ ಬೆತ್ತ ಬಡಿದು, “ಅಳ್ಬ್ಯಾಡಿ ಕಣ್ರವ್ವಾ, ಇದು ಬರೀ ಕನ್ಸು! ಈಗ ಎದ್ದೇಳ್ತಾಳೆ, ನೋಡ್ತಾ ಇರಿ” ಎನ್ನುತ್ತಿದ್ದ. ಸರಿಯಾಗಿ ಅವಳು ಹಾಸಿಗೆಯಿಂದ ಎದ್ದು ಕೂರುತ್ತಿದ್ದಳು. ಆಮೇಲೆ ಗಂಡನನ್ನು ಬಿಡಿಸಿಕೊಂಡು, ಒಂದು ದೊಡ್ಡ ಕಲ್ಲು ಸೇತುವೆ ದಾಟುತ್ತಾಳೆ. ನಡು ಸೇತುವೆಯಲ್ಲಿ ನಿಂತು ತಲೆಯ ಮೇಲಿನ ಶಾಲು ಹಿಡಿದುಕೊಂಡು ಊರ ಕಡೆ ತಿರುಗಿ ನೋಡುತ್ತಾಳೆ. ಹಿಂದೆ ಪೊಲೀಸರು ಬರುತ್ತಿರುತ್ತಾರೆ. ಇವಳು ನೋಡುತ್ತಲೇ ಇರುತ್ತಾಳೆ. ಆಗ ಇಡೀ ಡೇರೆ ಎದ್ದು ನಿಂತು ಕೂಗಬೇಕು, ಅದು ಅಲ್ಲಿನ ಪದ್ಧತಿ:

“ಸಾಕು ನೋಡಿದ್ದು, ನಡಿಯವ್ವ ಗೌರಮ್ಮಾ!”

ಅವಳು ನಡೆಯುತ್ತಿದ್ದಳು. ಪರದೆ ಬೆಳ್ಳಗಾಗುತ್ತಿತ್ತು. ಚನ್ನಪ್ಪ ಪರದೆಗೇ ಕರ್ಪೂರ ಬೆಳಗಿ ಕಾಯಿ ಒಡೆದು ಮಂಗಳ ಹಾಡುತ್ತಿದ್ದ. ಮಂಗಳವಿಲ್ಲದೆ ನಮ್ಮ ಕಡೆ ಯಾವ ಆಟವೂ ಮುಗಿಯುವುದಿಲ್ಲ. ನಾನೂ ಕೂಗಿದ್ದೇನೆ. ಮಂಡ್ಯದ ಸಕ್ಕರೆ ಕಾರ್ಖಾನೆಯಲ್ಲಿ ರಸಾಯನ ಪರೀಕ್ಷೆ ಮಾಡುವ, ಪ್ಯಾಂಟು ಹಾಕುವ ಮನುಷ್ಯ ಹಾಗೆ ಕೂಗಬಾರದು ಎಂದು ನನಗೆ ಗೊತ್ತಿತ್ತು. ಆದರೂ ಕೂಗಿದೆ, ಐದು ಸಲವೂ.

ಹಡಗು

ಯುದ್ಧ ಶುರುವಾಗುವ ಹಿಂದಿನ ವರ್ಷ, ಬೀಟ್‌ರೂಟಿನಂಥ ಗೆಡ್ಡೆಯಿಂದ ಸಕ್ಕರೆ ತೆಗೆಯುವುದನ್ನು ನೋಡಿ ಬರಲು ನನ್ನನ್ನು ಜರ್ಮನಿಗೆ ಕಳಿಸಿದರು. ಮಳವಳ್ಳಿಯಲ್ಲಿ ಹುಟ್ಟಿ ಕಬ್ಬಿನ ಗದ್ದೆಯಲ್ಲಿ ಬೆಳೆದವನಿಗೆ ಗೆಡ್ಡೆಯಲ್ಲಿ ಸಕ್ಕರೆ ಎಂದರೆ ನಗು ಬರುತ್ತಿತ್ತು. ನನ್ನ ಹೆಂಡತಿ ಜಯಮ್ಮ ಆತಗೂರಿನವಳು. ಟ್ರಂಕಿನಲ್ಲಿ ಉಪ್ಪಿನಕಾಯಿ ಜಾಡಿ ಇಟ್ಟು, ಅದರ ಪಕ್ಕ ಒಂದು ಡಬ್ಬಿ ಕರ್ಪೂರ ಇಟ್ಟಳು.

“ಗೌರಮ್ಮ ಸಿಕ್ಕುದ್ರೆ ನಾನ್ ಕೇಳ್ದೆ ಅಂತ ಏಳಿ. ಅಷ್ಟು ತೆಳ್ಳಗವ್ಳೆ, ಒಟ್ಟೆಗೆ ಏನಾರ ತಿನ್ನು ಅನ್ನಿ.”

“ಜರ್ಮನಿ ಅಂದ್ರೆ ಮದ್ದೂರು ಸಂತೆ ಅಂತ ತಿಳ್ಕೊಂಡಿದ್ದೀಯಾ?” ಎಂದೆ. ಈ ಮಾತಿಗೆ ಆಮೇಲೆ ನಾನು ಅವಳ ಕ್ಷಮೆ ಕೇಳಬೇಕಾಯಿತು.

ರೈಲು ಯಲಿಯೂರು ದಾಟುವ ಮೊದಲೇ ನನಗೆ ಮನೆ ನೆನಪಾಗಿ ಕಣ್ಣು ಒದ್ದೆಯಾಯಿತು. ಹಡಗಿನ ವಿಷಯ ಹೆಚ್ಚು ಬರೆಯಲಾರೆ. ಮೂರನೆಯ ದಿನದವರೆಗೆ ನಾನು ನೋಡಿದ್ದು ಒಂದು ತಗಡಿನ ಬೇಸಿನ್ ಮಾತ್ರ. ನಾಲ್ಕನೆಯ ದಿನ ಉಪ್ಪಿನಕಾಯಿ ನೆಕ್ಕಿದ ಮೇಲೆ ಸಮುದ್ರವೂ ಇದೆ ಎಂದು ಗೊತ್ತಾಯಿತು.

ಮುಚ್ಚಿದ ಬಾಗಿಲು

ನಾನು ಇಳಿದ ಊರಿನ ಹೆಸರು ಬರೆಯುವುದಿಲ್ಲ. ಬರೆದರೂ ನಿಮ್ಮ ನಾಲಿಗೆ ತಿರುಗುವುದಿಲ್ಲ. ನನ್ನದೇ ಮೂರು ತಿಂಗಳು ತಿರುಗಲಿಲ್ಲ. ದಕ್ಷಿಣಕ್ಕೆ ಬೆಟ್ಟ, ಬೆಟ್ಟದ ಆಚೆ ಸ್ವಿಟ್ಜರ್ಲೆಂಡ್. ಊರ ಮುಂದೆ ಹೊಳೆ, ಹೊಳೆಯ ಆಚೆ ರೈಲು ಸ್ಟೇಷನ್.

ಕಾರ್ಖಾನೆಯವರು ಗೊತ್ತುಮಾಡಿದ್ದ ಮನೆಯ ಬಾಗಿಲು ತಟ್ಟಿದೆ. ಒಬ್ಬ ಮುದುಕಿ ತೆರೆದಳು. ನನ್ನ ಪೇಟ ನೋಡಿದಳು, ಮುಖ ನೋಡಿದಳು, ಮತ್ತೆ ಪೇಟ ನೋಡಿ ಬಾಗಿಲು ಹಾಕಿಕೊಂಡಳು. ಒಳಗೆ ಹೋಗಿ ಆರತಿ ತರುತ್ತಾಳೇನೋ ಎಂದು ಸ್ವಲ್ಪ ಹೊತ್ತು ಕಾದೆ. ಅಗಳಿ ಬಿದ್ದ ಸದ್ದು ಕೇಳಿತು. ಹೀಗೆ ಇನ್ನೆರಡು ಮನೆಗಳಾದವು. ಕೊನೆಗೆ ಅಂಚೆಯವನು, ‘ಡಾಕ್ಟರ ಮನೆಗೆ ಹೋಗಿ. ಅಲ್ಲಿಗೆ ಈಗ ಯಾರೂ ಹೋಗುವುದಿಲ್ಲ, ಜಾಗ ಇರುತ್ತದೆ’ ಎಂದ.

ಡಾಕ್ಟರ ಮನೆಯ ಗೋಡೆಯ ಮೇಲೆ ಬೋರ್ಡು ಕಿತ್ತ ಗುರುತಿತ್ತು. ಅವರು ಯೆಹೂದಿಗಳು. ರೋಗಿಗಳನ್ನು ನೋಡಬಾರದು ಎಂದು ಸರ್ಕಾರದ ಆಜ್ಞೆಯಾಗಿತ್ತು. ನನ್ನ ಕೈಯಿಂದ ಟ್ರಂಕು ತೆಗೆದುಕೊಳ್ಳುತ್ತಲೇ ಅವರು ಇಂಗ್ಲಿಷಿನಲ್ಲಿ ಇದನ್ನೆಲ್ಲ ಹೇಳಿ, “ಇಷ್ಟು ತಿಳಿದ ಮೇಲೂ ಇರುತ್ತೀರಾ?” ಎಂದು ಕೇಳಿದರು. ನಾನು ಆಗಲೇ ಕಾಲಿನ ಬೂಟು ಬಿಚ್ಚಿದ್ದೆ. “ಊಟ ಎಷ್ಟು ಹೊತ್ತಿಗೆ?” ಎಂದೆ.

ಒಳಗೆ ನಡೆದವನು ಮೆಟ್ಟಿಲ ಕೆಳಗಿದ್ದ ಇನ್ನೊಂದು ಟ್ರಂಕು ಎಡವಿ ಮುಗ್ಗರಿಸಿದೆ. ಆ ಟ್ರಂಕಿನ ಕಥೆ ಆಮೇಲೆ ಹೇಳುತ್ತೇನೆ. ಬೀಳದಿರಲು ಗೋಡೆ ಹಿಡಿದುಕೊಂಡಾಗ ನನ್ನ ಮೂಗಿಗೆ ಸರಿಯಾಗಿ ಒಂದು ಫೋಟೋ ಇತ್ತು. ಕಲ್ಲು ಸೇತುವೆ. ತಲೆಯ ಮೇಲೆ ಶಾಲು ಹಿಡಿದು ತಿರುಗಿ ನೋಡುತ್ತಿರುವ ಹೆಂಗಸು.

ನಾನು ಕಿರುಚಿದೆನಂತೆ. ಅಡುಗೆಮನೆಯಿಂದ ಸೌಟು ಹಿಡಿದೇ ಡಾಕ್ಟರ ಹೆಂಡತಿ ಓಡಿ ಬಂದಳು. ಸ್ವಲ್ಪ ದಪ್ಪಗಾಗಿದ್ದಳು, ಕಿವಿಯ ಹತ್ತಿರ ನರೆ ಬಂದಿತ್ತು. ಆದರೆ ಆ ಕಣ್ಣುಗಳನ್ನು ನಾನು ಐದು ಸಲ ನೋಡಿದ್ದೆ. ಕಲಿತಿದ್ದ ಜರ್ಮನ್ ಎಲ್ಲ ಮರೆತುಹೋಗಿ, ಅಚ್ಚ ಮಂಡ್ಯದ ಕನ್ನಡದಲ್ಲಿ ಕೂಗಿಬಿಟ್ಟೆ:

“ಅಯ್ಯೋ ನಮ್ಮವ್ವಾ! ಗೌರಮ್ಮ!”

ಸತ್ತವಳ ಸೀನು

ಆಕೆಯ ಹೆಸರು ಲೀನಾ. ಹದಿನೈದು ವರ್ಷದ ಹಿಂದೆ ಒಂದು ಬಡ ಸಿನಿಮಾ ಕಂಪನಿ ಆ ಊರಿಗೆ ಬಂದಿತ್ತಂತೆ. ಅವರ ನಾಯಕಿಗೆ ಜ್ವರ ಬಂದು, ಔಷಧದಂಗಡಿಯವನ ಮಗಳಾದ ಇವಳನ್ನು ಹಿಡಿದು ನಾಯಕಿ ಮಾಡಿದರಂತೆ. ಅರ್ಧ ಊರೇ ಆ ಚಿತ್ರದಲ್ಲಿದೆ. ನನಗೆ ಬಾಗಿಲು ಹಾಕಿದ ಮುದುಕಿ ಕೂಡ ಸಂತೆಯ ದೃಶ್ಯದಲ್ಲಿ ಕೋಳಿ ಹಿಡಿದು ನಿಂತಿದ್ದಾಳೆ! ನೆನಪು ಮಾಡಿಕೊಂಡರೆ ಹೌದು, ಚನ್ನಪ್ಪ ಅವಳಿಗೆ ‘ಚಾಡಿ ನಂಜಮ್ಮ’ ಎಂದು ಹೆಸರಿಟ್ಟಿದ್ದ. ಚನ್ನಪ್ಪನ ಕಣ್ಣು ಸುಳ್ಳಾಡಿರಲಿಲ್ಲ.

ಹಿಮದ ವಿಷಯ ಕೇಳಿದೆ. ನಮ್ಮ ಡೇರೆಯಲ್ಲಿ ಹಿಮ ಬಿದ್ದಾಗ ಹಿಂದಿನಿಂದ ಯಾರಾದರೂ, “ನೋಡ್ಲಾ, ಸಕ್ರೆ ಫ್ಯಾಕ್ಟ್ರಿ ಒಡ್ದೋಯ್ತು” ಎನ್ನುತ್ತಿದ್ದರು. ಲೀನಾ ಹೊಟ್ಟೆ ಹಿಡಿದುಕೊಂಡು ನಕ್ಕಳು.

“ಅದು ಹಿಮವೂ ಅಲ್ಲ, ಸಕ್ಕರೆಯೂ ಅಲ್ಲ. ಮೇ ತಿಂಗಳು, ಸೆಕೆ. ಊರಿನವರ ದಿಂಬುಗಳನ್ನೆಲ್ಲ ಹರಿದು ಕೋಳಿ ಪುಕ್ಕ ಸುರಿದರು. ನಾನು ಸತ್ತು ಬಿದ್ದಿದ್ದೆ. ಒಂದು ಪುಕ್ಕ ಮೂಗಿಗೆ ಹೋಗಿ ಸೀನಿಬಿಟ್ಟೆ. ಮತ್ತೆ ಸಾಯಬೇಕಾಯಿತು, ಮೂರು ಸಲ.”

“ಕನಸಿನಲ್ಲಿ ತಾನೆ?” ಎಂದೆ.

“ಯಾವ ಕನಸು?”

“ನೀವು ಸಾಯುವುದು ಕನಸಿನಲ್ಲಿ. ಆಮೇಲೆ ಎದ್ದು ಸೇತುವೆ ದಾಟುತ್ತೀರಿ.”

ಗಂಡ ಹೆಂಡತಿ ಮುಖ ಮುಖ ನೋಡಿಕೊಂಡರು. ಲೀನಾ ಮೆಲ್ಲಗೆ, “ಇಲ್ಲ ಗೌಡರೇ, ಸೇತುವೆ ಮೊದಲು. ಹಿಮ ಕೊನೆಗೆ. ಗಂಡನನ್ನು ಗಡಿ ದಾಟಿಸಿ ನಾನು ಸಾಯುತ್ತೇನೆ. ಅಲ್ಲಿಗೆ ಚಿತ್ರ ಮುಗಿಯಿತು” ಎಂದಳು.

ನಾನು ಒಪ್ಪಲಿಲ್ಲ. ನನ್ನ ಹೆಂಡತಿ ಹೇಳುವಂತೆ ನನಗೆ ವಾದ ಸಿಕ್ಕರೆ ಊಟ ಬೇಡ. ಐದು ಸಲ ನೋಡಿದವನು ನಾನು, ಇವಳು ಎಷ್ಟು ಸಲ ನೋಡಿದ್ದಾಳೆ ಎಂದು ಕೇಳಿದೆ. ಎರಡು ಸಲ ಎಂದಳು. “ಮತ್ತೆ!” ಎಂದೆ. ಚಿತ್ರದಲ್ಲಿ ಸತ್ತವಳ ಎದುರಿಗೇ ಕೂತು ನೀನು ಸತ್ತಿಲ್ಲ ಎಂದು ಅರ್ಧ ಗಂಟೆ ಜಗಳವಾಡಿದ ಮನುಷ್ಯ ಈ ಭೂಮಿಯ ಮೇಲೆ ನಾನೊಬ್ಬನೇ ಇರಬೇಕು.

ಆ ರಾತ್ರಿ ಹಾಸಿಗೆಯಲ್ಲಿ ಬಿದ್ದುಕೊಂಡಾಗ ನಿಜ ಹೊಳೆಯಿತು. ಹಾಸಿಗೆಯ ವಿಷಯವನ್ನೂ ಹೇಳಬೇಕು: ಅಲ್ಲಿ ಹೊದಿಕೆಯೇ ಹಾಸಿಗೆಯಷ್ಟು ದಪ್ಪ, ನಾನು ಮೊದಲ ವಾರವೆಲ್ಲ ಹೊದಿಕೆಯ ಮೇಲೆ ಮಲಗಿ ನಡುಗಿದೆ. ಹಾಗೆ ನಡುಗುತ್ತಿರುವಾಗ ಕರ್ಪೂರದ ಡಬ್ಬಿ ಕಣ್ಣಿಗೆ ಬಿತ್ತು. ಹೆಣದ ಮುಂದೆ ಮಂಗಳಾರತಿ ಎತ್ತುವುದು ಹೇಗೆ? ಚನ್ನಪ್ಪನಿಗೆ ಅದು ಸಾಧ್ಯವಿರಲಿಲ್ಲ. ಸಾವಿನ ರೀಲನ್ನು ನಡುವೆ ಹಾಕಿಸಿ, ಕನಸು ಎಂದು ಹೇಳಿ, ಸೇತುವೆಯ ರೀಲನ್ನು ಕೊನೆಗೆ ಇಟ್ಟುಕೊಂಡುಬಿಟ್ಟಿದ್ದ. ಒಬ್ಬ ಅಕ್ಷರ ಬಾರದ ಮನುಷ್ಯ ಜರ್ಮನರ ದುಃಖವನ್ನು ರಿಪೇರಿ ಮಾಡಿದ್ದ.

ಮೆಟ್ಟಿಲ ಕೆಳಗಿನ ಟ್ರಂಕು

ಹಗಲು ನಾನು ಗೆಡ್ಡೆ ಹೆಚ್ಚುವುದನ್ನು ನೋಡಿ ಬರೆದುಕೊಳ್ಳುತ್ತಿದ್ದೆ. ಸಂಜೆ ಲೀನಾಗೆ ಕನ್ನಡ ಅಕ್ಷರ ಕಲಿಸುತ್ತಿದ್ದೆ. ಅಲ್ಲಿನ ಬೇಕರಿಯಲ್ಲಿ ನಮ್ಮ ಕೋಡುಬಳೆಯಂತೆ ಸುತ್ತಿದ ಒಂದು ಬ್ರೆಡ್ಡು ಮಾಡುತ್ತಾರೆ. ನಮ್ಮ ಅಕ್ಷರಗಳೆಲ್ಲ ಅದೇ ಬೇಕರಿಯವನು ಮಾಡಿದ್ದು ಎಂದು ಆಕೆಯ ಅಭಿಪ್ರಾಯ. ‘ಗೌರಮ್ಮ’ ಎಂದು ಬರೆಯಲು ಒಂದು ವಾರ ಹಿಡಿಯಿತು. ‘ಮ್ಮ’ ಕೊನೆಯವರೆಗೂ ಕುಂಟುತ್ತಲೇ ಇತ್ತು.

ಇನ್ನು ಟ್ರಂಕಿನ ಕಥೆ. ದಕ್ಷಿಣ ಅಮೆರಿಕದಲ್ಲಿದ್ದ ಡಾಕ್ಟರ ಅಣ್ಣ ಇವರಿಬ್ಬರಿಗೂ ಅಲ್ಲಿಗೆ ಬರಲು ಪರವಾನಗಿ ಕಳಿಸಿದ್ದ. ವರ್ಷ ಮುಗಿಯುವುದರೊಳಗೆ ಹೊರಡದಿದ್ದರೆ ಅದು ರದ್ದು, ಇನ್ನೊಂದು ಸಿಗುವುದಿಲ್ಲ. ಪ್ರತಿ ಸೋಮವಾರ ಡಾಕ್ಟರು ಟ್ರಂಕು ತುಂಬುತ್ತಿದ್ದರು. ಪ್ರತಿ ಮಂಗಳವಾರ ಲೀನಾ ಅದನ್ನು ಬಿಚ್ಚಿ ಬಟ್ಟೆಗಳನ್ನು ಬೀರುವಿಗೆ ಜೋಡಿಸುತ್ತಿದ್ದಳು. ಇಬ್ಬರೂ ಅದರ ಬಗ್ಗೆ ಮಾತಾಡುತ್ತಿರಲಿಲ್ಲ. ನನಗೂ ಅಭ್ಯಾಸವಾಗಿ, ಸೋಮವಾರ ಎಡವದಂತೆ ಸುತ್ತು ಹಾಕಿ ನಡೆಯುತ್ತಿದ್ದೆ.

ಒಂದು ದಿನ ಧೈರ್ಯ ಮಾಡಿ ಕೇಳಿದೆ. ಆಕೆ ಸಾಕ್ಸು ಮಡಿಸುತ್ತ ಹೇಳಿದಳು: “ಈ ಊರಿನವರು ನನಗಾಗಿ ಅತ್ತಿದ್ದಾರೆ ಗೌಡರೇ. ಥಿಯೇಟರಿನಲ್ಲಿ ನಾನು ಸತ್ತಾಗ ಇವರೆಲ್ಲ ಕರ್ಚೀಫು ಹಿಡಿದು ಅತ್ತರು. ಆಮೇಲೆ ಹತ್ತು ವರ್ಷ ರಸ್ತೆಯಲ್ಲಿ ಟೋಪಿ ತೆಗೆದು ನಮಸ್ಕಾರ ಮಾಡಿದರು. ಅತ್ತವರು ನನಗೆ ಏನು ಮಾಡಿಯಾರು?”

“ಈಗ ನಮಸ್ಕಾರ ಮಾಡುತ್ತಾರೆಯೇ?”

ಆಕೆ ಗೋಡೆಯ ಫೋಟೋ ನೋಡಿದಳು. ಅದು ಥಿಯೇಟರಿನ ಹಜಾರದಲ್ಲಿ ತೂಗುಹಾಕಿದ್ದ ಫೋಟೋ. ಆ ವರ್ಷ ಅದನ್ನು ಕಿತ್ತು ಹಿಂದಿನ ಬಾಗಿಲ ಬಳಿ ಕಸದ ಜೊತೆ ಇಟ್ಟಿದ್ದರು. ಇವಳೇ ಹೋಗಿ ಎತ್ತಿಕೊಂಡು ಬಂದಿದ್ದಳು. “ಮತ್ತೆ, ಊರು ಬಿಟ್ಟು ಓಡುವ ಆ ದಾರಿಯಲ್ಲಿ ನಾನು ಒಮ್ಮೆ ಸತ್ತಾಗಿದೆ” ಎಂದು ನಗಲು ಪ್ರಯತ್ನಿಸಿದಳು. ನಗು ಬರಲಿಲ್ಲ. ನನಗೆ ಆಕೆಯನ್ನು ನೋಡಿ ಬಹಳ ಸಂಕಟವಾಯಿತು.

ನಾನು ಕೊಠಡಿಗೆ ಹೋಗಿ ಕರ್ಪೂರದ ಡಬ್ಬಿ ತಂದೆ. ಸಾಸರಿನ ಮೇಲೆ ನಾಲ್ಕು ಬಿಲ್ಲೆ ಇಟ್ಟು ಹಚ್ಚಿ, ಚನ್ನಪ್ಪ ಮಾಡುತ್ತಿದ್ದಂತೆಯೇ ಫೋಟೋಗೆ ಬೆಳಗಿದೆ. ಮಂಗಳವನ್ನೂ ಹಾಡಿದೆ, ನನ್ನ ಕಂಠದಲ್ಲಿ ಅದು ಹೇಗಿತ್ತೋ. ಆ ದೇಶದ ಕಿಟಕಿ ಪರದೆಗಳು ಬಹಳ ಉದ್ದ ಎಂಬುದನ್ನು ಮರೆತಿದ್ದೆ. ಒಂದರ ಜಾಲರಿಗೆ ಬೆಂಕಿ ತಗುಲಿತು. ಡಾಕ್ಟರು ಸ್ನಾನದ ಮನೆಯಿಂದ ಮೈಗೆಲ್ಲ ಸೋಪಿನ ನೊರೆ ಹತ್ತಿದ್ದಂತೆಯೇ ಬಕೆಟ್ಟು ಹಿಡಿದು ಬಂದು ಪರದೆಗೂ ನನಗೂ ಸಮಾನವಾಗಿ ನೀರು ಸುರಿದರು.

ಹಾಗೆ ತೊಯ್ದು ತೊಪ್ಪೆಯಾಗಿ ನಿಂತುಕೊಂಡೇ ನಾನು ಅವರಿಬ್ಬರಿಗೂ ಡೇರೆಯ ಕಥೆ ಹೇಳಿದೆ. ರೀಲು ಬದಲಾಯಿಸಿದ ಚನ್ನಪ್ಪನ ವಿಷಯ, ಅಳುವ ಹೆಂಗಸರ ವಿಷಯ, ಕೊನೆಗೆ ಎಲ್ಲರೂ ಎದ್ದು ಕೂಗುವ ವಿಷಯ. ಏನೆಂದು ಕೂಗುತ್ತಾರೆ ಎಂದು ಲೀನಾ ಕೇಳಿದಳು. ಕೂಗಿ ತೋರಿಸಿದೆ. ಪಕ್ಕದ ಮನೆಯ ಕಿಟಕಿ ತೆರೆಯಿತು.

“ಅಂದರೆ ನಿಮ್ಮ ಊರಿನಲ್ಲಿ,” ಎಂದು ಆಕೆ ನಿಧಾನವಾಗಿ ಕೇಳಿದಳು, “ಹೆದರಿಕೆ ಮೊದಲು ಬರುತ್ತದೆ. ಸೇತುವೆ ಆಮೇಲೆ.”

“ಹೌದು. ನೀವು ಈಗ ಕನಸಿನ ರೀಲಿನಲ್ಲಿದ್ದೀರಿ. ಎದ್ದೇಳುವುದೊಂದು ಬಾಕಿ” ಎಂದೆ. ಅಷ್ಟು ಬುದ್ಧಿವಂತಿಕೆಯ ಮಾತನ್ನು ಒದ್ದೆ ಪ್ಯಾಂಟಿನಲ್ಲಿ ನಿಂತು ಆಡಿದ್ದರಿಂದಲೋ ಏನೋ, ಡಾಕ್ಟರು ಜೋರಾಗಿ ನಕ್ಕರು. ಲೀನಾ ನಗಲಿಲ್ಲ.

ಸೇತುವೆ

ಅಕ್ಟೋಬರ್ ಕೊನೆಗೆ ನನ್ನ ಕೆಲಸ ಮುಗಿಯಿತು. ಹೊರಟ ದಿನ ಮಂಗಳವಾರ. ಟ್ರಂಕು ಮೆಟ್ಟಿಲ ಕೆಳಗೆ ಖಾಲಿ ಬಿದ್ದಿತ್ತು, ಫೋಟೋ ಗೋಡೆಯ ಮೇಲೇ ಇತ್ತು. ನನಗೆ ಕೋಪವೂ ಬಂತು, ಅಳುವೂ ಬಂತು. ಮನೆಯಿಂದ ಹೊರಗೆ ಬಂದು ಆಕೆ ನನ್ನ ಕೈಗೆ ಒಂದು ಕಾಗದದ ಪೊಟ್ಟಣ ಕೊಟ್ಟಳು: ಜಯಮ್ಮನಿಗೆ, ಕೋಡುಬಳೆ ಬ್ರೆಡ್ಡು. ಅದು ಮಂಡ್ಯಕ್ಕೆ ಬರುವ ಹೊತ್ತಿಗೆ ಬಾಗಿಲ ಚಿಲಕದಷ್ಟು ಗಟ್ಟಿಯಾಗಿತ್ತು. ಜಯಮ್ಮ ಅದನ್ನು ಇವತ್ತಿಗೂ ಗೂಟಕ್ಕೆ ತೂಗುಹಾಕಿದ್ದಾಳೆ.

ಸ್ಟೇಷನ್ನಿಗೆ ಹೋಗಲು ಆ ಸೇತುವೆ ದಾಟಬೇಕು. ನಡುವೆ ನಿಂತು ತಿರುಗಿ ನೋಡಿದೆ. ಆಕೆ ಬಾಗಿಲಲ್ಲಿ ನಿಂತಿದ್ದಳು. ಯಾರು ಕೇಳಿದರೂ ಕೇಳಲಿ ಎಂದು ಬಾಯಿಗೆ ಕೈ ಅಡ್ಡ ಹಿಡಿದು, ಎದೆ ಬಿರಿಯುವ ಹಾಗೆ ಕೂಗಿದೆ: “ನಡಿಯವ್ವ ಗೌರಮ್ಮಾ!” ಸೈಕಲ್ಲಿನಲ್ಲಿ ಹೋಗುತ್ತಿದ್ದ ಒಬ್ಬ ಪೊಲೀಸು ಬೆಚ್ಚಿ ಗೋಡೆಗೆ ಡಿಕ್ಕಿ ಹೊಡೆದ. ನಾನು ರೈಲಿಗೆ ಓಡಿದೆ.

ಮದ್ದೂರು ಸ್ಟೇಷನ್

ಬಂದ ಮೇಲೆ ಮೊದಲು ಹುಡುಕಿದ್ದು ಚನ್ನಪ್ಪನನ್ನು. ಡೇರೆಗೂ ಮಾತಾಡುವ ಚಿತ್ರ ಬಂದು ಅವನ ಬೆತ್ತ ಮೂಲೆ ಸೇರಿತ್ತು. ಮದ್ದೂರು ಸ್ಟೇಷನ್ನಿನಲ್ಲಿ ವಡೆ ಮಾರುತ್ತಿದ್ದ. ಎಲ್ಲ ಹೇಳಿದೆ. ರೀಲು ಬದಲಾಯಿಸಿದ್ದು ಹೌದಾ ಎಂದು ಕೇಳಿದೆ.

“ಊಂ ಮತ್ತೆ. ಮೊದುಲ್ನೆ ದಿನ ಬಂದಂಗೇ ಬುಟ್ಟೆ. ಆಟ ಮುಗ್ದ್ರೆ ಒಬ್ಬ್ರೂ ಎದ್ದೇಳಾಕಿಲ್ಲ. ಮಂಗ್ಳ ಆಗ್ದೆ ಎಂಗ್ ಓಗಾದು ಅಂತ ಅಂಗೇ ಕುಂತವ್ರೆ. ಎಣ ಬಿದ್ದೈತೆ, ನಾನ್ ಕರ್ಪೂರ ಎಂಗ್ ಅಚ್ಲಿ? ಮಾರ್ನೆ ದಿನ ರೀಲ್ ಡಬ್ಬಿ ಆಚ್ಗೀಚೆ ಮಾಡ್ಸುದೆ.” ಆಮೇಲೆ ವಡೆಯ ಬುಟ್ಟಿ ಕೆಳಗಿಟ್ಟು ಕೇಳಿದ: “ಅದಿರ್ಲಿ ಸ್ವಾಮಿ, ಆಯಮ್ಮ ವೊಂಟ್ಳಾ ಇಲ್ವಾ?”

ನನಗೆ ಗೊತ್ತಿರಲಿಲ್ಲ. ಬರೆದ ಎರಡು ಕಾಗದಕ್ಕೆ ಉತ್ತರ ಬರಲಿಲ್ಲ. ಆಮೇಲೆ ಯುದ್ಧ ಬಂದು ಆ ದೇಶಕ್ಕೆ ಅಂಚೆಯೇ ನಿಂತಿತು. ಮದ್ದೂರಿನಲ್ಲಿ ರೈಲು ನಿಂತಾಗಲೆಲ್ಲ ಚನ್ನಪ್ಪ ಕಿಟಕಿಗೆ ಬಂದು ವಡೆಯ ಜೊತೆ ಅದೇ ಪ್ರಶ್ನೆ ಕೊಡುತ್ತಿದ್ದ. ನಾನು ಗೊತ್ತಿಲ್ಲವೆಂದು ತಲೆಯಾಡಿಸುತ್ತಿದ್ದೆ. ಯುದ್ಧ ಮುಗಿದು, ಅಲ್ಲಿ ಯೆಹೂದಿಗಳಿಗೆ ಆದದ್ದೆಲ್ಲ ಪತ್ರಿಕೆಯಲ್ಲಿ ಬರತೊಡಗಿದಾಗ ಅವನು ಕೇಳುವುದನ್ನು ಬಿಟ್ಟ. ವಡೆ ಕೊಟ್ಟು ಸುಮ್ಮನೆ ಮುಂದಿನ ಕಿಟಕಿಗೆ ಹೋಗುತ್ತಿದ್ದ.

ಹೋದ ತಿಂಗಳು ಕಾರ್ಖಾನೆಯ ವಿಳಾಸಕ್ಕೆ ನನ್ನ ಹೆಸರಿಗೆ ಒಂದು ದಪ್ಪ ಲಕೋಟೆ ಬಂತು. ಅದರ ಮೇಲಿನ ಅಂಚೆಚೀಟಿ ನಾನೆಂದೂ ನೋಡದ್ದು. ಒಳಗೆ ನಡುವೆ ಮಡಿಸಿದ ಒಂದು ಹಳೆಯ ಫೋಟೋ. ಕಲ್ಲು ಸೇತುವೆ, ಶಾಲು, ತಿರುಗಿ ನೋಡುತ್ತಿರುವ ಹೆಂಗಸು. ಗೋಡೆಯ ಮೇಲಿದ್ದ ಅದೇ ಫೋಟೋ. ಅದರ ಬೆನ್ನಿಗೆ ಜರ್ಮನ್‌ನಲ್ಲಿ ನಾಲ್ಕು ಸಾಲು ಇತ್ತು:

‘ನೀವು ಹೋದ ಮುಂದಿನ ಮಂಗಳವಾರ ನಾನು ಟ್ರಂಕು ಬಿಚ್ಚಲಿಲ್ಲ. ಸೇತುವೆಯ ಮೇಲೆ ಒಮ್ಮೆ ತಿರುಗಿ ನೋಡಿದೆ. ಆಗ ನಿಮ್ಮ ಊರಿನವರು ಕೂಗಿದ್ದು ಕೇಳಿಸಿತು. ಇಬ್ಬರೂ ಇದ್ದೇವೆ.’

ಕೆಳಗೆ ಸಹಿ ಕನ್ನಡದಲ್ಲಿತ್ತು. ‘ಮ್ಮ’ ಇನ್ನೂ ಕುಂಟುತ್ತಿತ್ತು.

ಅವತ್ತೇ ರೈಲು ಹತ್ತಿ ಮದ್ದೂರಿಗೆ ಹೋದೆ. ಚನ್ನಪ್ಪ ಫೋಟೋವನ್ನು ಪಂಚೆಗೆ ಕೈ ಒರೆಸಿಕೊಂಡು ಇಸಿದುಕೊಂಡ. ಹಿಂದಿನ ಸಾಲುಗಳನ್ನು ನಾನು ಓದಿ ಹೇಳಿದೆ. ಆಮೇಲೆ ಸ್ಟೇಷನ್ನಿನ ಹೋಟೆಲಿನ ದೇವರ ಗೂಡಿನಿಂದ ಕರ್ಪೂರ ತಂದು, ವಡೆಯ ತಟ್ಟೆಯ ಮೇಲೇ ಹಚ್ಚಿ, ಪ್ಲಾಟ್‌ಫಾರಂ ಮೇಲೆ ನಿಂತ ಜನರೆಲ್ಲ ನೋಡುತ್ತಿರುವಾಗ ಗೌರಮ್ಮನಿಗೆ ಬೆಳಗಿದ. ಅವನ ಗಡ್ಡದ ಮೇಲೆ ಕಣ್ಣೀರು ಇಳಿಯುತ್ತಿತ್ತು. ನನ್ನ ಕಡೆ ತಿರುಗಿ, ಡೇರೆಯಲ್ಲಿ ಬೆತ್ತ ಬಡಿಯುತ್ತಿದ್ದ ಕಾಲದ ಗತ್ತಿನಲ್ಲೇ ಗದರಿಸಿದ:

“ನಾನ್ ಅವತ್ತೇ ಏಳ್ನಿಲ್ವಾ? ಅಳ್ಬ್ಯಾಡಿ, ಅದು ಕನ್ಸು ಅಂತ.”